ಖಳನ ಜಾತಕ



ಈ ಸಭೆಗೆ ಬರುವ ದಾರಿಯಲ್ಲಿ, ನನ್ನನ್ನು ಕರೆತಂದ ತರುಣ ಮಿತ್ರರು ರಾಟರ್‌ಡ್ಯಾಮಿನ ಸಂತ ಲಾರೆನ್ಸನ ಇಗರ್ಜಿಯ ಮುಂದಣ ಚೌಕದಲ್ಲಿ ಐದು ನಿಮಿಷ ನಿಲ್ಲಿಸಿ, 1622ರಲ್ಲಿ ಹೆಂಡ್ರಿಕ್ ದೆ ಕೈಸರ್ ಎಂಬ ಶಿಲ್ಪಿಯು ರಚಿಸಿದ ಎರಾಸ್ಮಸನ ಕಂಚಿನ ಪ್ರತಿಮೆಯನ್ನು ತೋರಿಸಿದರು. ನಿಲುವಂಗಿ ತೊಟ್ಟು, ದಪ್ಪನೆಯ ಗ್ರಂಥವೊಂದನ್ನು ತೆರೆದು ಹಿಡಿದು, ಊರಿನ ಗದ್ದಲವಾವುದೂ ತನಗೆ ಸಂಬಂಧಿಸಿದುದಲ್ಲವೆಂಬಂತೆ ಓದುತ್ತ ನಿಂತಿರುವ ಆ ಪಂಡಿತನು, ಇಗರ್ಜಿಯ ಗಂಟೆ ಕಿವಿಗೆ ಬಿದ್ದಾಗಲೆಲ್ಲ ಒಂದು ಹಾಳೆಯನ್ನು ಮಗುಚುವನೆಂದು ಇಲ್ಲಿಯವರು ಮಕ್ಕಳಿಗೆ ಹೇಳುವರಂತೆ. ಕಂಚಿನ ಕಿವಿಗೆ ಗಂಟೆ ಎಂದಿಗೂ ಬೀಳದಾದುದರಿಂದ ಆ ಮಾತನ್ನು ಸುಳ್ಳೆನ್ನುವಂತೆಯೂ ಇಲ್ಲ.

ಊರಿನ ಹೆಸರನ್ನು ತನ್ನ ಹೆಸರಿನೊಡನೆ ಯೂರೋಪಿನ ಉದ್ದಗಲಕ್ಕೂ ಹೊತ್ತು ತಿರುಗಿದ ಈ ಮಹಾವಿದ್ವಾಂಸನು ಹುಟ್ಟಿದ ವರ್ಷವು ಇಂದಿಗೂ ಇತ್ಯರ್ಥವಾಗಿಲ್ಲ. 1466 ಎಂಬವರಿದ್ದಾರೆ, 1469 ಎಂಬವರಿದ್ದಾರೆ, ನಡುವಣ ವರ್ಷಗಳಿಗೂ ಬೆಂಬಲಿಗರಿದ್ದಾರೆ. ಅವನೇ ಬೇರೆ ಬೇರೆ ಸಂದರ್ಭಗಳಲ್ಲಿ ಬೇರೆ ಬೇರೆ ಲೆಕ್ಕ ಕೊಟ್ಟಿರುವುದು ಇದಕ್ಕೆ ಕಾರಣ. ತಾಯಿತಂದೆಗಳಿಗೆ ವಿವಾಹವಾಗಿರಲಿಲ್ಲ, ತಂದೆ ಪಾದ್ರಿ. ಅವನ ಜೀವನವನ್ನು ಸಂಗ್ರಹವಾಗಿ ನಿರೂಪಿಸುವ ಚಿಕ್ಕದೊಂದು ಲ್ಯಾಟಿನ್ ಬರಹದ ಪ್ರಕಾರ, ತಂದೆಯು ರೋಮಿನಲ್ಲಿದ್ದಾಗ ಅವನ ಪ್ರೇಯಸಿ ತೀರಿಕೊಂಡಳೆಂದು ಬಂಧುಗಳು ಸುಳ್ಳು ಪತ್ರ ಬರೆದರು; ದುಃಖದಿಂದ ಅವನು ದೀಕ್ಷೆಯನ್ನು ಕೈಕೊಂಡನು; ಹಿಂದಿರುಗಿ ನೋಡಿದರೆ ಅವಳು ಬದುಕಿದ್ದಳು, ಮಗುವೂ ಇದ್ದಿತು. ಹೃದಯವನ್ನು ಕರಗಿಸುವ ಕಥೆ. ಆದರೆ ಎರಾಸ್ಮಸನಿಗೆ ಪೀಟರ್ ಎಂಬ ಅಣ್ಣನೊಬ್ಬನಿದ್ದನೆಂಬುದನ್ನು ನೆನೆದೊಡನೆ ಈ ಕಥೆಯ ಕಾಲಗಣನೆಯು ಕುಂಟತೊಡಗುತ್ತದೆ. ಆ ಬರಹವು ಅವನದೇ ಹೌದೋ ಅಲ್ಲವೋ ಎಂಬ ವಿಷಯದಲ್ಲಿಯೂ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಅದಿರಲಿ, ಹುಟ್ಟಿನ ಕಳಂಕವು ತನ್ನ ಏಳಿಗೆಗೆ ಅಡ್ಡಬಾರದಂತೆ ಅವನು ರೋಮಿಗೆ ಮೊರೆಯಿಟ್ಟುದೂ, ಅದಕ್ಕಾಗಿ ಕಲ್ಪಿತ ಅಧಿಕಾರಿಯೊಬ್ಬನ ಹೆಸರಿಗೆ ತನ್ನ ಬಾಲ್ಯದ ಕಷ್ಟಗಳನ್ನು ವರ್ಣಿಸುವ ದೀರ್ಘಪತ್ರವೊಂದನ್ನು ಬರೆದುದೂ, 1517ರಲ್ಲಿ ಹತ್ತನೆಯ ಲಿಯೋ ಪೋಪನು ಬೇಕಾದ ವಿನಾಯಿತಿಯನ್ನು ದಯಪಾಲಿಸಿದುದೂ ಇತಿಹಾಸ. ಎಂದ ಮೇಲೆ, ಹುಟ್ಟಿನ ವೃತ್ತಾಂತವೆಂಬುದು ಅವನ ಕೈಯಲ್ಲಿ ಚರಿತ್ರೆಯಾಗಿರಲಿಲ್ಲ, ಅದು ಅರ್ಜಿಯಾಗಿದ್ದಿತು.

ಎರಾಸ್ಮಸನು ಖಳನಲ್ಲ, ಅವನ ಹೆಸರನ್ನು ಖಳರ ಪ್ರಸ್ತಾಪಕ್ಕೆ ಪೀಠಿಕೆಯಾಗಿ ಎತ್ತಿದುದಕ್ಕೆ ಈ ಊರಿನವರು ನನ್ನನ್ನು ಕ್ಷಮಿಸಬೇಕು. ಇಂದಿನ ನನ್ನ ವಿಷಯ ಕಾಮಿಕ್ಸ್ ಪುಸ್ತಕಗಳ ಖಳನಾಯಕರ ಸಂದಿಗ್ಧವಾದ ಜನ್ಮವೃತ್ತಾಂತ. ದತ್ತಿ ಉಪನ್ಯಾಸದ ಗಾಂಭೀರ್ಯಕ್ಕೆ ಇದು ಒಪ್ಪುವುದೇ ಎಂದು ಹಿರಿಯರೊಬ್ಬರು ಮೊನ್ನೆ ದೂರವಾಣಿಯಲ್ಲಿ ಸಂಕೋಚದಿಂದಲೇ ವಿಚಾರಿಸಿದರು. ಹತ್ತು ತಲೆಯವನೊಬ್ಬನು ವಿಮಾನದಲ್ಲಿ ಬಂದು ಪರಸತಿಯನ್ನು ಒಯ್ದ ಕಥೆಯನ್ನು ಎರಡು ಸಾವಿರ ವರ್ಷಗಳಿಂದ ಭಕ್ತಿಯಿಂದ ವ್ಯಾಖ್ಯಾನಿಸುತ್ತಿರುವ ನಾವು, ಹಸುರು ಕೂದಲಿನವನೊಬ್ಬನ ಮುಂದೆ ಮೂಗು ಮುರಿಯುವುದು ತರವಲ್ಲವೆಂದು ಅವರಿಗೆ ವಿನಯದಿಂದ ತಿಳಿಸಿದೆನು.

ಆ ಹಸುರು ಕೂದಲಿನವನಿಂದಲೇ ಪ್ರಾರಂಭಿಸೋಣ. ಬ್ಯಾಟ್‌ಮನ್ ಹೆಸರಿನ ಪತ್ರಿಕೆಯ ಮೊದಲನೆಯ ಸಂಚಿಕೆಯು 1940ರ ವಸಂತದಲ್ಲಿ ಅಮೇರಿಕದಲ್ಲಿ ಹೊರಟಿತು. ಅದೇ ವಸಂತದ ಮೇ 14ರಂದು ಜರ್ಮನ್ ವಿಮಾನಗಳು ಕಾಲು ಗಂಟೆಯಷ್ಟು ಹೊತ್ತಿನಲ್ಲಿ ಈ ನಗರದ ನಡುಭಾಗವನ್ನು ಸುಟ್ಟು, 800ಕ್ಕೂ ಮಿಕ್ಕ ಜನರನ್ನು ಕೊಂದು, ಸುಮಾರು 80,000 ಮಂದಿಯನ್ನು ಬೀದಿಗೆ ತಂದುವೆಂಬುದನ್ನು ಇಲ್ಲಿ ಕುಳಿತವರಿಗೆ ನಾನು ಹೇಳಬೇಕಾಗಿಲ್ಲ. ಎರಡಕ್ಕೂ ಕಾರ್ಯಕಾರಣ ಸಂಬಂಧವೂ ಇಲ್ಲ. ಆ ಸಂಚಿಕೆಯಲ್ಲಿ ಜೋಕರ್ ಎಂಬವನು ಸುಣ್ಣ ಬಳಿದಂತಹ ಮುಖವನ್ನೂ ಕಿವಿಯವರೆಗೆ ಹರಿದ ನಗೆಯನ್ನೂ ಹೊತ್ತು ಒಮ್ಮೆಗೇ ಪ್ರತ್ಯಕ್ಷನಾಗುತ್ತಾನೆ. ಯಾವ ಊರು, ಯಾರ ಮಗ, ಆ ಬಣ್ಣ ಎಲ್ಲಿಂದ ಬಂದಿತು, ಯಾವುದಕ್ಕೂ ಉತ್ತರವಿಲ್ಲ, ಕೇಳುವವರೂ ಇಲ್ಲ. ಹೆಸರು ಹೇಳಿ, ಗಳಿಗೆ ಹೇಳಿ, ಕೊಲ್ಲುತ್ತಾನೆ. ಹೀಗೆ ಹತ್ತು ವರ್ಷ ಕಳೆದ ಮೇಲೆ, 1951ರ ಫೆಬ್ರವರಿಯ ಡಿಟೆಕ್ಟಿವ್ ಕಾಮಿಕ್ಸ್ 168ನೆಯ ಸಂಚಿಕೆಯಲ್ಲಿ, ಪ್ರಯೋಗಶಾಲೆಯ ನೌಕರನೊಬ್ಬನು ಹತ್ತು ಲಕ್ಷ ಡಾಲರ್ ಕದಿಯುವ ಸಂಕಲ್ಪದಿಂದ ಕೆಂಪು ಮುಸುಕು ಧರಿಸಿ, ಇಸ್ಪೀಟಿನ ಕಾರ್ಖಾನೆಯೊಂದಕ್ಕೆ ನುಗ್ಗಿ, ತಪ್ಪಿಸಿಕೊಳ್ಳುವಾಗ ರಾಸಾಯನಿಕದ ಹೊಂಡಕ್ಕೆ ಹಾರಿ, ಎದ್ದು ಕನ್ನಡಿ ನೋಡಿದಾಗ ಈ ರೂಪವನ್ನು ಕಂಡನೆಂಬ ವೃತ್ತಾಂತ ಹೊರಬಿದ್ದಿತು. ಕಾರ್ಖಾನೆಯ ಹೆಸರುಂಟು, ಕಳವಿನ ಮೊತ್ತವುಂಟು. ಮನುಷ್ಯನ ಹೆಸರು ಮಾತ್ರವಿಲ್ಲ. ಇದನ್ನು ಹೇಳಿದವನೂ ಜೋಕರನೇ ಎಂಬುದನ್ನು ದಯಮಾಡಿ ನೆನಪಿನಲ್ಲಿಡಬೇಕು.

1988ರಲ್ಲಿ ಆಲನ್ ಮೂರ್ ಬರೆದು ಬ್ರಯನ್ ಬೋಲಂಡ್ ಚಿತ್ರಿಸಿದ ‘ದಿ ಕಿಲ್ಲಿಂಗ್ ಜೋಕ್’ ಈ ಎಲುಬಿಗೆ ಮಾಂಸವನ್ನು ತುಂಬಿತು. ಅಲ್ಲಿ ಅವನು ಕೆಲಸ ಬಿಟ್ಟು ಹಾಸ್ಯಗಾರನಾಗಲು ಹೊರಟು ಸೋತ ಬಡವ, ಹೆಂಡತಿ ತುಂಬುಗರ್ಭಿಣಿ, ಬಾಡಿಗೆಗೆ ದುಡ್ಡಿಲ್ಲ, ಕಳ್ಳರ ಒಳಸಂಚಿಗೆ ಒಂದು ರಾತ್ರಿಯ ಮಟ್ಟಿಗೆ ಸೇರುವೆನೆಂದು ಒಪ್ಪಿಕೊಂಡ ದಿನವೇ ಅವಳು ಅಪಘಾತದಲ್ಲಿ ಸತ್ತ ಸುದ್ದಿ ಬರುತ್ತದೆ, ಆದರೂ ಕಳ್ಳರು ಅವನನ್ನು ಬಿಡುವುದಿಲ್ಲ. ಓದುಗನ ಕಣ್ಣು ಒದ್ದೆಯಾಗುವ ಹೊತ್ತಿಗೆ ಸರಿಯಾಗಿ ಆ ಖಳನು, ತನಗೆ ಗತಕಾಲವು ಒಂದೊಂದು ಸಲ ಒಂದೊಂದು ಬಗೆಯಾಗಿ ನೆನಪಾಗುವುದೆಂದೂ, ಗತವೊಂದು ಇರಲೇಬೇಕಾದರೆ ಪರೀಕ್ಷೆಯ ಪ್ರಶ್ನೆಪತ್ರಿಕೆಯಲ್ಲಿ ಉತ್ತರವನ್ನು ಆರಿಸುವಂತೆ ಆರಿಸಿಕೊಳ್ಳುವುದೇ ತನಗೆ ಇಷ್ಟವೆಂದೂ ಹೇಳಿ, ನಮ್ಮ ಕಣ್ಣೀರಿನ ರಸೀತಿಯನ್ನು ಹರಿದು ಗಾಳಿಗೆ ತೂರುತ್ತಾನೆ. ಇಪ್ಪತ್ತು ವರ್ಷಗಳ ಅನಂತರ ಬಂದ ‘ದಿ ಡಾರ್ಕ್ ನೈಟ್’ ಚಲಚ್ಚಿತ್ರದಲ್ಲಿ ಹೀತ್ ಲೆಜರ್ ಎಂಬ ನಟನು ಬಾಯಿಯ ಅಂಚಿನ ಗಾಯಕ್ಕೆ ಒಮ್ಮೆ ಕುಡುಕ ತಂದೆಯ ಕತ್ತಿಯನ್ನೂ, ಇನ್ನೊಮ್ಮೆ ಹೆಂಡತಿಗಾಗಿ ತಾನೇ ಎತ್ತಿಕೊಂಡ ಕ್ಷೌರದ ಅಲಗನ್ನೂ ಕಾರಣವಾಗಿ ಹೇಳಿದುದನ್ನು ತಾವೆಲ್ಲರೂ ನೋಡಿರಬಹುದು. ಮೂರನೆಯ ಸಲ ಬ್ಯಾಟ್‌ಮನ್ನನ ಎದುರಿಗೇ ಕಥೆಯನ್ನು ಆರಂಭಿಸುತ್ತಾನೆ. ಅವನು ಕೇಳುವ ವ್ಯವಧಾನವನ್ನು ತೋರಿಸುವುದಿಲ್ಲ. ಆ ಕಥೆಗಳನ್ನು ಹೇಳುವ ಕ್ಷಣಗಳನ್ನು ಗಮನಿಸಿರಿ: ಎರಡು ಸಲವೂ ಎದುರಿಗಿರುವವರ ಮುಖದ ಬಳಿ ಅವನ ಕೈಯಲ್ಲಿ ಕತ್ತಿಯಿದೆ. ಎರಾಸ್ಮಸನ ಅರ್ಜಿ ದಯೆಯನ್ನು ಬೇಡಿತು, ಈತನದು ಭಯವನ್ನು ಬೇಡುತ್ತದೆ. ಕೇಳುವವರಿಂದ ಏನನ್ನೋ ಪಡೆಯುವ ಉದ್ದೇಶದಲ್ಲಿ ಮಾತ್ರ ಎರಡೂ ಒಂದೇ.

2019ರ ‘ಜೋಕರ್’ ಚಿತ್ರದ ವಿಷಯವನ್ನು ನಾನು ಹೆಚ್ಚು ಬೆಳೆಸುವುದಿಲ್ಲ. ಅವನು ಧನಿಕನ ಅಕ್ರಮ ಪುತ್ರನೋ, ಆಸ್ಪತ್ರೆಯ ಕಡತ ಹೇಳುವಂತೆ ದತ್ತಕನೋ ಎಂಬ ಸಂದೇಹವನ್ನು ಅದು ಉಳಿಸಿಕೊಂಡಿದೆ; ಆದರೆ ಸಮಾಜವು ಅವನನ್ನು ಹೇಗೆ ಕೆಡಿಸಿತೆಂಬ ಪಟ್ಟಿಯನ್ನು ಎಷ್ಟು ಶ್ರದ್ಧೆಯಿಂದ ಒದಗಿಸಿದೆಯೆಂದರೆ, ತಂದೆ ಯಾರಾದರೇನೆಂದು ನೋಡುವವನು ಅರ್ಧದಲ್ಲಿಯೇ ತೀರ್ಪು ಬರೆದುಬಿಡುತ್ತಾನೆ.

ಇದಕ್ಕಿಂತ ಸ್ವಾರಸ್ಯವಾದುದು, ಬ್ಯಾಟ್‌ಮನ್ ಪತ್ರಿಕೆಯ ಮೂವರು ಕರ್ತೃಗಳಲ್ಲಿ ಜೋಕರನನ್ನು ಹುಟ್ಟಿಸಿದವರು ಯಾರೆಂಬುದೇ ಇತ್ಯರ್ಥವಾಗದಿರುವುದು. ಇಸ್ಪೀಟಿನ ಎಲೆಯೊಂದನ್ನು ಬರೆದು ತಂದು ತಾನೇ ಮೂಲಪುರುಷನೆಂದು ಜೆರಿ ರಾಬಿನ್‌ಸನ್. ವಿಕ್ಟರ್ ಹ್ಯೂಗೋವಿನ ಕಾದಂಬರಿಯಿಂದ ತೆಗೆದ 1928ರ ಮೂಕಚಿತ್ರದಲ್ಲಿ ಕಾನ್ರಾಡ್ ಫೈಟ್ ಎಂಬ ನಟನ ನಗುಮುಖವನ್ನು ಬಿಲ್ ಫಿಂಗರ್ ತೋರಿಸಿದನೆಂದೂ, ರಾಬಿನ್‌ಸನ್ನನ ಎಲೆ ಆಮೇಲೆ ಬಂದಿತೆಂದೂ ಬಾಬ್ ಕೇನ್. ಫಿಂಗರನು 1974ರಲ್ಲಿ ತೀರಿಕೊಂಡನು. ಬ್ಯಾಟ್‌ಮನ್ ಕೃತಿಗಳ ಮೇಲೆ ಅವನ ಹೆಸರು ವಿಧ್ಯುಕ್ತವಾಗಿ ಕಾಣಿಸಿಕೊಂಡುದು 2015ರಲ್ಲಿ. ನಮ್ಮ ಕಡೆಯಲ್ಲಿಯೂ ಹೀಗೆಯೇ: ‘ಅಮರ ಚಿತ್ರಕಥೆ’ಯು 1967ರಲ್ಲಿ ದೆಹಲಿಯ ದೂರದರ್ಶನದಲ್ಲಿ ರಾಮನ ತಾಯಿಯ ಹೆಸರನ್ನು ಹೇಳಲಾರದೆ ತಡವರಿಸಿದ ಮಕ್ಕಳನ್ನು ಕಂಡು ಕಾರ್ಕಳದ ಅನಂತ ಪೈಗಳು ನೊಂದುದರಿಂದ ಹುಟ್ಟಿತೆಂದು ಲೋಕವೆಲ್ಲ ಬಲ್ಲದು, ಬೆಂಗಳೂರಿನ ಜಿ. ಕೆ. ಅನಂತರಾಮ್ ಅವರು 1965ರಲ್ಲಿಯೇ ಕನ್ನಡದಲ್ಲಿ ಅದನ್ನು ಆರಂಭಿಸಿದ್ದರೆಂಬುದನ್ನು ಬಲ್ಲವರು ಕಡಮೆ. ಒಳ್ಳೆಯದಕ್ಕೂ ಎರಡು ಜಾತಕಗಳಿರುತ್ತವೆ.

ನಮ್ಮ ಆಲಂಕಾರಿಕರು ಈ ಗೊಡವೆಗೇ ಹೋದಂತಿಲ್ಲ. ಹತ್ತನೆಯ ಶತಮಾನದ ಧನಂಜಯನು ‘ದಶರೂಪಕ’ದಲ್ಲಿ ಪ್ರತಿನಾಯಕನನ್ನು ಲಕ್ಷಣೀಕರಿಸುವಾಗ ಅವನ ಲೋಭ, ಔದ್ಧತ್ಯ, ಹಟ, ಪಾಪ, ವ್ಯಸನಗಳನ್ನು ಹೇಳಿ ಮುಗಿಸುತ್ತಾನೆ, ಅವು ಎಲ್ಲಿಂದ ಬಂದುವೆಂದು ಕೇಳುವುದಿಲ್ಲ. ಕೇಳಿದವರು ಪುರಾಣಿಕರು, ಅವರಿಗೆ ಒಂದು ಉತ್ತರ ಸಾಲಲಿಲ್ಲ. ರಾವಣನು ವಿಶ್ರವಸ್ಸಿನ ಮಗ. ಕೈಕಸಿಯು ಹೊತ್ತಲ್ಲದ ಹೊತ್ತಿನಲ್ಲಿ ಋಷಿಯ ಬಳಿ ಬಂದುದರಿಂದ ಕ್ರೂರನಾದನೆಂಬುದು ಉತ್ತರಕಾಂಡದ ಮಾತು. ಅಲ್ಲ, ಅವನು ವೈಕುಂಠದ ದ್ವಾರಪಾಲಕನಾದ ಜಯ. ಸನಕಾದಿಗಳ ಶಾಪಕ್ಕೆ ಸಿಕ್ಕಿ, ಭಕ್ತನಾಗಿ ಏಳು ಜನ್ಮ ಕಾಯುವುದಕ್ಕಿಂತ ವೈರಿಯಾಗಿ ಮೂರು ಜನ್ಮಗಳಲ್ಲಿ ಮರಳುವುದೇ ಲೇಸೆಂದು ತಾನಾಗಿ ಆರಿಸಿಕೊಂಡವನೆಂಬುದು ಭಾಗವತರ ಮಾತು. ಅದೂ ಅಲ್ಲ, ಅವನು ರಾಕ್ಷಸನೇ ಅಲ್ಲ, ವಿದ್ಯಾಧರವಂಶದ ಅರಸು. ಕೂಸಾಗಿದ್ದಾಗ ಕೊರಳಿಗೆ ಹಾಕಿದ ಹಾರದ ಮಣಿಗಳಲ್ಲಿ ಒಂಬತ್ತು ಮುಖಗಳು ಪ್ರತಿಫಲಿಸಿದುದರಿಂದ ದಶಮುಖನೆಂಬ ಹೆಸರು ಬಂದಿತೆಂಬುದು ವಿಮಲಸೂರಿಯಿಂದ ಮೊದಲಾದ ಜೈನಪರಂಪರೆಯ ಮಾತು. ನಮ್ಮ ನಾಗಚಂದ್ರನು ರಾವಣನನ್ನು ಮರುಕದಿಂದ ಕಂಡುದು ಈ ಪರಂಪರೆಯೊಳಗೆ ನಿಂತು. ಹತ್ತು ತಲೆಯವನಿಗೆ ಮೂರು ಜಾತಕ! ಈ ಮೂರರಲ್ಲಿ ನಿಜವಾವುದೆಂದು ಕನ್ನಡಿಗನಾವನೂ ಜಗಳವಾಡಿದುದನ್ನು ನಾನು ಕಂಡಿಲ್ಲ. ಮೂರನ್ನೂ ಒಂದೇ ಮನೆಯಲ್ಲಿ ಬೇರೆ ಬೇರೆ ಹಬ್ಬಗಳಿಗೆ ತೆಗೆಯುವ ಪಾತ್ರೆಗಳಂತೆ ಇಟ್ಟುಕೊಂಡಿದ್ದೇವೆ.

ಆದರೆ ಪುರಾಣಿಕರ ಜಾತಕಗಳೆಲ್ಲವನ್ನೂ ಹೇಳುವವರು ಋಷಿಗಳು, ಕವಿಗಳು, ಖಳನಲ್ಲ. ಖಳನೇ ಎದ್ದು ನಿಂತು ತನ್ನ ಜಾತಕವನ್ನು ತಾನು ಓದುವ ಕಲೆಯೊಂದು ನಮ್ಮಲ್ಲುಂಟು, ಅದು ತಾಳಮದ್ದಳೆ. ಕಾಸರಗೋಡಿನಿಂದ ಉತ್ತರ ಕನ್ನಡದವರೆಗೆ ವೇಷವಿಲ್ಲದೆ, ಕುಣಿತವಿಲ್ಲದೆ, ಭಾಗವತರ ಹಾಡಿಗೆ ಅರ್ಥಧಾರಿಗಳು ಆಶುವಾಗಿ ಮಾತನ್ನು ಹೊಸೆಯುವ ಈ ಕೂಟದಲ್ಲಿ, ಪದ್ಯ ಮಾತ್ರ ಪ್ರಸಂಗಕರ್ತನದು, ವಾದವೆಲ್ಲ ಅರ್ಥಧಾರಿಯದು. ಶೇಣಿ ಗೋಪಾಲಕೃಷ್ಣ ಭಟ್ಟರ ರಾವಣನನ್ನೋ ವಾಲಿಯನ್ನೋ ಕೇಳಿದವರು, ಎದುರು ಕುಳಿತ ರಾಮನಿಗೆ ಜಯ ಪ್ರಸಂಗದಲ್ಲಿ ನಿಶ್ಚಿತವಾಗಿದ್ದರೂ ಮಾತಿನಲ್ಲಿ ನಿಶ್ಚಿತವಾಗಿರಲಿಲ್ಲವೆಂಬುದನ್ನು ಬಲ್ಲರು. ಇಂದು ರಾವಣನು ತಂಗಿಯ ಮೂಗು ಹೋದ ಅಣ್ಣ; ಬರುವ ವಾರ ಬೇರೊಂದೂರಿನಲ್ಲಿ ಕುಬೇರನಿಂದ ತಾತ್ಸಾರಕ್ಕೊಳಗಾದ ತಮ್ಮ; ಇನ್ನೊಂದು ದಿನ ತಾನು ಜಯನೆಂಬುದನ್ನು ಒಳಗೊಳಗೇ ಬಲ್ಲ ಭಕ್ತ. ಅದೇ ಪದ್ಯ, ಅದೇ ಪಾತ್ರ. ಆಲನ್ ಮೂರನು 1988ರಲ್ಲಿ ತನ್ನ ಖಳನ ಬಾಯಿಯಿಂದ ಆಡಿಸಿದುದನ್ನು ನಮ್ಮ ಅರ್ಥಧಾರಿಗಳು ತಲೆಮಾರುಗಳಿಂದ ನಡೆಸಿಕೊಂಡು ಬಂದಿದ್ದರು. ಒಂದು ವ್ಯತ್ಯಾಸವುಂಟು: ಜೋಕರನು ತನ್ನ ಹಿಂದಿನ ಕಥೆಯನ್ನು ತಾನೇ ಅಳಿಸುತ್ತಾನೆ, ಅರ್ಥಧಾರಿಯು ಅಳಿಸುವುದಿಲ್ಲ. ಅವನ ವಾದವನ್ನು ಎದುರು ಅರ್ಥಧಾರಿಯು ಖಂಡಿಸಲೇಬೇಕು, ಖಂಡಿಸದಿದ್ದರೆ ಸಭೆ ನಗುತ್ತದೆ. ಅರ್ಜಿಗೆ ಅಲ್ಲಿ ಪ್ರತಿವಾದಿಯುಂಟು. ಕಾಮಿಕ್ಸಿನ ಒಂಟಿ ಓದುಗನಿಗೆ ಆ ಅನುಕೂಲವಿಲ್ಲ. ವಾದಿ ಪ್ರತಿವಾದಿ ನ್ಯಾಯಾಧೀಶ ಮೂವರೂ ಅವನೇ.

ಇನ್ನು ಈ ಊರಿನ ಮಾತು. ಇಲ್ಲಿ 1912ರ ಮೇ 2ರಂದು, ಹಡಗಿನ ಕ್ಯಾಪ್ಟನ್ನೊಬ್ಬನ ಮಗನಾಗಿ ಮಾರ್ಟೆನ್ ಟೋಂಡರ್ ಹುಟ್ಟಿದನು. ತಂದೆಯೊಡನೆ ಸಮುದ್ರಯಾನ ಮಾಡಿ 1931ರಲ್ಲಿ ಬ್ಯೂನಸ್ ಐರಿಸಿಗೆ ಹೋದಾಗ ಅಲ್ಲಿನ ಚಿತ್ರಕಾರರ ಕೆಲಸವನ್ನು ಕಂಡು ಈ ಕಲೆಗೆ ಮನಸೋತ ಈತನು, ಯುದ್ಧದ ದೆಸೆಯಿಂದ ಅಮೇರಿಕದ ಮಿಕ್ಕಿ ಮೌಸ್ ಚಿತ್ರಗಳು ಪತ್ರಿಕೆಗೆ ದೊರೆಯದಂತಾದಾಗ, ಅವುಗಳ ಜಾಗವನ್ನು ತುಂಬಲು 1941ರ ಮಾರ್ಚಿ 16ರಿಂದ ‘ಟಾಮ್ ಪೂಸ್’ ಎಂಬ ಬಿಳಿಯ ಬೆಕ್ಕಿನ ಕಥೆಯನ್ನು ಪ್ರಕಟಿಸತೊಡಗಿದನು. ಆ ಹೆಸರು, ಗುಲಾಬಿ ಬಣ್ಣದ ಸಕ್ಕರೆಯ ಹೊದಿಕೆಯುಳ್ಳ ಇಲ್ಲಿಯ ಕೆನೆತಿಂಡಿಯದು; ತಮ್ಮ ಮಕ್ಕಳಿಗೆ ನನಗಿಂತ ಚೆನ್ನಾಗಿ ಗೊತ್ತು. ಕೆಲವೇ ತಿಂಗಳುಗಳಲ್ಲಿ ಬೊಮ್ಮೆಲ್ ಮಹಾಶಯನೆಂಬ ಕರಡಿಯೂ ಬಂದು ಸೇರಿ, ಯುದ್ಧಾನಂತರ 1947ರಿಂದ ಈ ಊರಿನ ‘ನ್ಯೂವೆ ರಾಟರ್‌ಡ್ಯಾಮ್ಸೆ ಕೌರಾಂಟ್’ ಪತ್ರಿಕೆಯಲ್ಲಿ ಮುಂದುವರಿದು, ಚಿತ್ರದ ಕೆಳಗೆ ಗದ್ಯವನ್ನು ಹಾಸುವ ಈ ಕಥಾಮಾಲೆಯು 1986ರವರೆಗೆ 177 ಕಥೆಗಳಾಗಿ ಬೆಳೆಯಿತು. ಕಥೆ ನಡೆಯುವ ಪಟ್ಟಣದ ಹೆಸರು ರೊಮ್ಮೆಲ್‌ಡಾಮ್. ‘ರೊಮ್ಮೆಲ್’ ಎಂದರೆ ಡಚ್ಚಿನಲ್ಲಿ ಚಲ್ಲಾಪಿಲ್ಲಿಯಾದ ಸಾಮಾನು. ಯಾವ ಊರಿನ ಹೆಸರು ಹೀಗೆ ತಿರುಚಿಕೊಂಡಿತೆಂದು ಊಹಿಸಲು ಬಹಳ ಬುದ್ಧಿ ಬೇಕಾಗುವುದಿಲ್ಲ.

ಟೋಂಡರನ ಖಳರಿಗೆ ಜಾತಕವೇ ಇಲ್ಲ. ವ್ಯಾಪಾರಿಯ ಠೀವಿಯ ಬುಲ್ ಸೂಪರ್, ಅವನ ಬಾಲಂಗೋಚಿ ಹೀಪ್ ಹೀಪರ್, ಬುದ್ಧಿಯೆಲ್ಲವನ್ನೂ ಕೇಡಿಗೆ ಸುರಿಯುವ ಆಡಿನ ಮೋರೆಯ ಪ್ರಾಧ್ಯಾಪಕ ಸಿಕ್‌ಬಾಕ್, ಇವರೆಲ್ಲರೂ ಮಳೆಗಾಲದ ಕಪ್ಪೆಗಳಂತೆ ಕಾಲ ಬಂದಾಗ ಬರುತ್ತಾರೆ, ಕೆಲಸ ಕೆಟ್ಟಾಗ ಹೋಗುತ್ತಾರೆ. ಯಾರೂ ಅವರ ಬಾಲ್ಯವನ್ನು ಕೇಳುವುದಿಲ್ಲ. ಮಂತ್ರವಾದಿ ಹೋಕುಸ್ ಪಾಸ್ ಎಂಬವನಿಗಂತೂ ಹೆಸರೇ ಮೂಲ: ಡಚ್ ಮಕ್ಕಳು ಜಾದು ಮಾಡುವಾಗ ಹೇಳುವ ಮಂತ್ರದ ಎರಡು ತುದಿಗಳನ್ನು ಕತ್ತರಿಸಿ ಜೋಡಿಸಿದರೆ ಆ ಹೆಸರಾಗುತ್ತದೆ. ಆ ಮಂತ್ರವಾದರೂ ಎಲ್ಲಿಂದ ಬಂದಿತೆಂದರೆ, ಪೂಜಾವಿಧಿಯ ಲ್ಯಾಟಿನ್ ವಾಕ್ಯವೊಂದನ್ನು ಅಣಕಿಸಿದುದೆಂದು ಇಂಗ್ಲೆಂಡಿನ ಧರ್ಮಗುರುವೊಬ್ಬನು ಹದಿನೇಳನೆಯ ಶತಮಾನದಲ್ಲಿ ಊಹಿಸಿದನು. ಅದನ್ನು ಒಪ್ಪದವರೂ ಇದ್ದಾರೆ. ಶಬ್ದಕ್ಕೇ ಖಚಿತವಾದ ತಾಯಿಬೇರಿಲ್ಲದಿರುವಾಗ ಶಬ್ದದಿಂದ ಮಾಡಿದ ಮಂತ್ರವಾದಿಗೆ ಎಲ್ಲಿಂದ ತರೋಣ! ಶತ್ರುಸೈನ್ಯವು ಬೀದಿಯಲ್ಲಿ ಓಡಾಡುತ್ತಿದ್ದ ದೇಶದಲ್ಲಿ ಆರಂಭವಾದ ಕಥೆಗಳಲ್ಲಿ, ಕೇಡಿಗರಿಗೆ ಕಾರಣ ಹುಡುಕುವ ಆಸಕ್ತಿ ಇಷ್ಟು ಕಡಮೆಯಾಗಿರುವುದು ನನಗೆ ಆಕಸ್ಮಿಕವೆಂದು ತೋರುವುದಿಲ್ಲ. ಬಾಗಿಲು ತಟ್ಟುವವನ ಬಾಲ್ಯವನ್ನು ವಿಚಾರಿಸುವ ಪುರಸತ್ತು ಬಾಗಿಲ ಹಿಂದೆ ನಿಂತವನಿಗೆ ಇರುವುದಿಲ್ಲ.

ಇಲ್ಲಿಗೆ ಬಂದುದರಿಂದ ಇನ್ನೊಬ್ಬನ ವಿಷಯವನ್ನು ಹೇಳದೆ ಹೋಗಲಾರೆನು. ಎಕ್ಸ್-ಮೆನ್ ಕಥೆಗಳ ಮ್ಯಾಗ್ನೆಟೋ ಎಂಬ ಖಳನು 1963ರಲ್ಲಿ ಕಾಣಿಸಿಕೊಂಡಾಗ ಲೋಕವನ್ನಾಳುವ ದುರಾಸೆಯ ಸಾಧಾರಣ ಕೇಡಿಗನಾಗಿದ್ದನು. 1981ರ 150ನೆಯ ಸಂಚಿಕೆಯಲ್ಲಿ ಕ್ರಿಸ್ ಕ್ಲೇರ್‌ಮಾಂಟ್ ಎಂಬ ಲೇಖಕನು ಅವನನ್ನು ಆಶ್‌ವಿಟ್ಸ್ ಮರಣಶಿಬಿರದಲ್ಲಿ ಬೆಳೆದ ಬಾಲಕನನ್ನಾಗಿ ಮಾಡಿದೊಡನೆ, ಹದಿನೆಂಟು ವರ್ಷಗಳ ಪೊಳ್ಳು ಆರ್ಭಟಕ್ಕೆ ಹಿಂದಿನಿಂದ ಅರ್ಥ ಬಂದಿತು. ಆದರೆ ಪ್ರಕಾಶಕರಿಗೆ ಅದು ಮುಜುಗರವಾಯಿತೆಂದು ಕಾಣುತ್ತದೆ. ಖಳನು ಯಹೂದಿಯೆಂದಾದರೆ ಜನ ಏನೆನ್ನುವರೋ! 1990ರ ದಶಕದಲ್ಲಿ ಆ ವರೆಗಿನ ಹೆಸರು ಖೋಟಾ ಕಾಗದಪತ್ರಗಳಿಂದ ಪಡೆದುದೆಂದೂ, ಅವನು ಸಿಂಟಿ ಎಂಬ ಅಲೆಮಾರಿ ಜನರವನೆಂದೂ ಮೂಲವನ್ನು ಮಸುಕು ಮಾಡಿದರು. 2008ರಿಂದ ಪ್ರಕಟವಾದ ‘ಮ್ಯಾಗ್ನೆಟೋ: ಟೆಸ್ಟಮೆಂಟ್’ ಅವನಿಗೆ ಮ್ಯಾಕ್ಸ್ ಐಸನ್‌ಹಾರ್ಟ್ ಎಂಬ ಹೆಸರನ್ನು ಕೊಟ್ಟು, ಜರ್ಮನ್ ಯಹೂದಿ ಮನೆತನವನ್ನು ಮರಳಿಸಿತು.

ನಿನ್ನೆ ಸಂಜೆ ನದಿಯ ದಕ್ಷಿಣದ ದಂಡೆಯಲ್ಲಿ, ಹಿಂದೆ ಲೋಡ್ಸ್ 24 ಎಂಬ ಉಗ್ರಾಣವಿದ್ದ ಎಡೆಗೆ ಹೋಗಿದ್ದೆನು. 1942 ಮತ್ತು 43ರಲ್ಲಿ ಈ ಊರಿನ, ಸುತ್ತಣ ಊರುಗಳ 6,000ಕ್ಕೂ ಮಿಕ್ಕ ಯಹೂದ್ಯರನ್ನು ಅಲ್ಲಿ ಕೂಡಿಹಾಕಿ ರೈಲಿಗೆ ತುಂಬಿದರು. ಈಗ ಅಲ್ಲಿ ಮಕ್ಕಳ ಸ್ಮಾರಕವಿದೆ. 686 ಹೆಸರುಗಳು, ಒಂದೊಂದರ ಮುಂದೆಯೂ ವಯಸ್ಸು. ಆ ವಯಸ್ಸುಗಳನ್ನು ಓದಿ ಬಂದ ಮೇಲೆ, ಜೋಕರನ ಸಂದಿಗ್ಧತೆಯನ್ನೂ ಮ್ಯಾಗ್ನೆಟೋವಿನ ಸಂದಿಗ್ಧತೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನನ್ನಿಂದಾಗಲಿಲ್ಲ. ಜೋಕರನ ಮೂಲವನ್ನು ಮಬ್ಬಾಗಿಸುವವನು ಜೋಕರನೇ. ಆ ಮಬ್ಬು ಅವನ ಸ್ವಭಾವದ ಭಾಗ, ಆದುದರಿಂದ ಕಲೆ. ಮ್ಯಾಗ್ನೆಟೋವಿನ ಮೂಲವನ್ನು ಮಬ್ಬಾಗಿಸಿದುದು ಕಚೇರಿಯ ಅಳುಕು. ಅದರಲ್ಲಿ ಖಳನ ಪಾಲೇನೂ ಇಲ್ಲ. ಸಾಕ್ಷಿ ಹೇಳಬಂದವನ ಬಾಯಲ್ಲಿ ಬೇರೊಬ್ಬನ ಹೆಸರನ್ನು ತುರುಕುವುದು ಸಂದಿಗ್ಧತೆಯೆನಿಸದು. ಅದು ತಿದ್ದಿದ ಕಡತ. ಇತ್ತೀಚಿನ ವಿಮರ್ಶಕರು ಅನಿಶ್ಚಿತತೆಯೆಲ್ಲವನ್ನೂ ಗುಣವೆಂದೇ ಕೊಂಡಾಡುವುದನ್ನು ಓದುವಾಗ, ಮಸುಕು ಮಾಡಿದ ಕೈ ಯಾರದೆಂದು ಅವರೇಕೆ ಕೇಳುವುದಿಲ್ಲವೆಂದು ನನಗೆ ಆಶ್ಚರ್ಯವಾಗುತ್ತದೆ.

ಗಂಟೆ ನೋಡುತ್ತಿರುವ ಅಧ್ಯಕ್ಷರ ಅಪ್ಪಣೆ ಪಡೆದು, ನನ್ನದೇ ಒಂದು ಪ್ರಸಂಗವನ್ನು ಅರಿಕೆಮಾಡಿ ಕುಳಿತುಕೊಳ್ಳುತ್ತೇನೆ. ಹತ್ತು ಹನ್ನೊಂದು ವಯಸ್ಸಿನಲ್ಲಿ, ಗದ್ದೆಯ ಕೊಯ್ಲು ಮುಗಿದ ಮೇಲೆ ನಮ್ಮೂರಿಗೆ ಬಂದ ಯಕ್ಷಗಾನ ಮೇಳದ ಆಟವೊಂದರಲ್ಲಿ, ರಾವಣನ ಬಣ್ಣದ ವೇಷವು ತೆರೆಯ ಹಿಂದೆ ಆರ್ಭಟಿಸಿದಾಗ ನಾನು ಅಜ್ಜಿಯ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿದ್ದೆನು. ಇಬ್ಬರು ಹಿಡಿದ ಆ ಬಟ್ಟೆಯ ಮೇಲೆ ಮೊದಲು ಕಿರೀಟ, ಆಮೇಲೆ ಕಣ್ಣು. ಮುಖ ಕಾಣುವ ಹೊತ್ತಿಗೆ ಹೆದರಿಕೆಯೆಲ್ಲ ಖರ್ಚಾಗಿರುತ್ತಿತ್ತು. ಬೆಳಗಾದ ಮೇಲೆ ಧೈರ್ಯ ಮಾಡಿ, ವೇಷ ಕಟ್ಟುವ ಚೌಕಿಗೆ ಹೋದೆನು. ಗಂಟೆಗಟ್ಟಲೆ ಕುಳಿತು ಅಕ್ಕಿಹಿಟ್ಟು, ಸುಣ್ಣಗಳಿಂದ ಇಟ್ಟಿದ್ದ ಚಿಟ್ಟಿಯನ್ನು ಆ ವೇಷಧಾರಿಯು ತೆಂಗಿನೆಣ್ಣೆ ಸವರಿ ಕೆನ್ನೆಯಿಂದ ಕಳಚುತ್ತಿದ್ದನು. ಅರ್ಧ ಮುಖ ರಾವಣ, ಇನ್ನರ್ಧ ನಮ್ಮ ಕಡೆಯ ಯಾರೋ ಬಡಕಲು ಮನುಷ್ಯ.

“ರಾವಣ ಯಾಕೆ ಕೆಟ್ಟವನಾದದ್ದು?” ಎಂದು ಕೇಳಿದೆನು.

ಅವನು ಕನ್ನಡಿಯಿಂದ ಕಣ್ಣು ತೆಗೆಯದೆ, “ನಿನ್ನೆಯ ಪ್ರಸಂಗದಲ್ಲೋ ಮಾಣಿ, ಇವತ್ತಿನದ್ದರಲ್ಲೋ?” ಎಂದನು. ಆಮೇಲೆ, ಆ ಎಣ್ಣೆಯ ಕುಪ್ಪಿಯನ್ನು ಈ ಕಡೆಗೆ ಸ್ವಲ್ಪ ದೂಡು ಎಂದು ಕೈ ಚಾಚಿದನು.